ನಂದಿಬೆಟ್ಟದ ಸುತ್ತ: ಗುಡಿ, ದುರ್ಗ, ದ್ರಾಕ್ಷಿ

ನಂದಿಬೆಟ್ಟದ ಮೇಲೆ ಸೂರ್ಯೋದಯ, ಬೆಟ್ಟದ ಬುಡದ ನಂದಿ ಗ್ರಾಮದಲ್ಲಿ ಭೋಗನಂದೀಶ್ವರನ ದರ್ಶನ, ದೇವನಹಳ್ಳಿಯ ಕೋಟೆಯಲ್ಲೊಂದು ಸುತ್ತು, ಮಧ್ಯಾಹ್ನ ದೊಡ್ಡಬಳ್ಳಾಪುರದ ಹಾದಿಯ ದ್ರಾಕ್ಷಿತೋಟದಲ್ಲಿ ವೈನ್ ರುಚಿ. ಬೆಂಗಳೂರಿನಿಂದ ಉತ್ತರಕ್ಕೆ ಹೊರಡುವ ಒಂದು ದಿನದ ಪ್ರವಾಸ ಸಾಮಾನ್ಯವಾಗಿ ಹೀಗೆ ಸಾಗುತ್ತದೆ. ಮಾರ್ಗದರ್ಶಿಗಳು ಇದನ್ನೆಲ್ಲ ಒಂದೇ ಕಥೆಯಾಗಿ ಹೆಣೆದು ಹೇಳುವುದುಂಟು. ಆದರೆ ಗುಡಿ ಒಂಬತ್ತನೇ ಶತಮಾನದ್ದು, ಕೋಟೆ ಮೊದಲು ಪಾಳೆಯಗಾರರದು ಆಮೇಲೆ ಮೈಸೂರಿನದು, ಬೆಟ್ಟದ ಮೇಲಿನ ಬಂಗಲೆಗಳು ಬ್ರಿಟಿಷರ ಕಾಲದವು, ವೈನ್ 1992ರದು. ಒಂದನ್ನು ಕಟ್ಟಿದವರಿಗೆ ಇನ್ನೊಂದರ ಯೋಚನೆಯೇ ಇರಲಿಲ್ಲ. ಇವೆಲ್ಲ ಒಂದೇ ದಿನದ ಹಾದಿಯಲ್ಲಿ ಸಿಗುವುದಕ್ಕೆ ಕಾರಣ ಆ ಬೆಟ್ಟ: ಅದರ ಎತ್ತರ, ಅದರ ಕಡಿದಾದ ಬಂಡೆ, ಅದರ ತಂಪು.

ಬೆಂಗಳೂರಿನಿಂದ ಸುಮಾರು 60 ಕಿ.ಮೀ. ದೂರದ ಈ ಬೆಟ್ಟ ಸಮುದ್ರಮಟ್ಟದಿಂದ 1,478 ಮೀಟರ್ ಎತ್ತರದಲ್ಲಿದೆ. ಸುತ್ತಲಿನ ಬಯಲೇ 900 ಮೀಟರಿನ ಆಸುಪಾಸಿನಲ್ಲಿರುವುದರಿಂದ, ನೋಡುವವರ ಕಣ್ಣಿಗೆ ಬೆಟ್ಟ ಐನೂರಕ್ಕೂ ಹೆಚ್ಚು ಮೀಟರ್ ನೆಟ್ಟಗೆ ಎದ್ದು ನಿಂತಂತೆ ಕಾಣುತ್ತದೆ. ಬ್ರಹ್ಮಗಿರಿ, ಚನ್ನಗಿರಿ, ಜನ ಕಳವಾರ ದುರ್ಗವೆಂದೂ ಕರೆಯುವ ಸ್ಕಂದಗಿರಿ ಇದರ ನೆರೆಯ ಬೆಟ್ಟಗಳು. ಈ ಸಾಲು ದೊಡ್ಡದೊಂದು ನೀರ್ಗಡಿ. ಇಲ್ಲಿ ಹುಟ್ಟುವ ಅರ್ಕಾವತಿ ದಕ್ಷಿಣಕ್ಕೆ ಹರಿದು ಕಾವೇರಿಯನ್ನು ಸೇರಿದರೆ, ಉತ್ತರ ಪಿನಾಕಿನಿ ಆಂಧ್ರದ ಕಡೆಗೂ ದಕ್ಷಿಣ ಪಿನಾಕಿನಿ ತಮಿಳುನಾಡಿನ ಕಡೆಗೂ ಹೋಗುತ್ತವೆ. ಇಷ್ಟು ನದಿಗಳ ತವರಾದರೂ ವರ್ಷವಿಡೀ ಹರಿಯುವ ಒಂದು ಹೊಳೆಯೂ ಈ ಸೀಮೆಗೆ ದಕ್ಕಿಲ್ಲ. ಇಲ್ಲಿಯ ಬೇಸಾಯ ನಿಂತದ್ದು ಕೆರೆಗಳ ಮೇಲೆ, ಆಮೇಲೆ ಬಾವಿಗಳ ಮೇಲೆ, ಈಗ ಕೊಳವೆಬಾವಿಗಳ ಮೇಲೆ. ಕೊನೆಗೆ ದ್ರಾಕ್ಷಿಯ ಕಥೆಯೂ ಇಲ್ಲಿಗೇ ಬಂದು ಮುಟ್ಟುತ್ತದೆ.

ಬೆಟ್ಟದ ಹೆಸರು ಶಾಸನಗಳಲ್ಲಿ ಬಹಳ ಹಿಂದೆಯೇ ಬರುತ್ತದೆ. ತಲಕಾಡಿನ ಗಂಗರು ‘ಕುವಳಾಲಪುರವರೇಶ್ವರ’ ಎಂಬುದರ ಜೊತೆಗೆ ‘ನಂದಗಿರಿನಾಥ’ ಎಂಬ ಬಿರುದನ್ನೂ ಧರಿಸಿದ್ದರು. ಕುವಳಾಲ ಎಂದರೆ ಇಂದಿನ ಕೋಲಾರ, ನಂದಗಿರಿ ಇದೇ ಬೆಟ್ಟ. ರಾಜಧಾನಿ ತಲಕಾಡಿಗೆ ಹೋದಮೇಲೂ ಗಂಗರು ಈ ಬಿರುದನ್ನು ಬಿಡಲಿಲ್ಲ. ಅವರ ಮನೆತನದ ಗುರುತು ಈ ಬೆಟ್ಟದೊಡನೆ ಅಷ್ಟು ಬೆಸೆದುಕೊಂಡಿತ್ತು. ಪಕ್ಕದ ಗೋಪಿನಾಥ ಬೆಟ್ಟದ ಶಾಸನವೊಂದು ಅಲ್ಲಿ ಜಿನಾಲಯವಿದ್ದುದನ್ನು ಹೇಳುತ್ತದೆ. ಇಂದು ಈ ಸೀಮೆಯನ್ನು ಶೈವ ಕ್ಷೇತ್ರವೆಂದೇ ಎಲ್ಲರೂ ತಿಳಿಯುವುದರಿಂದ ಈ ಸಂಗತಿ ಪ್ರವಾಸಿಗರ ಕಿವಿಗೆ ಬೀಳುವುದು ಅಪರೂಪ.

ಬೆಟ್ಟದ ಬುಡದ ಭೋಗನಂದೀಶ್ವರ ಗುಡಿ ಈ ಸುತ್ತಿನ ಅತ್ಯಂತ ಹಳೆಯ ಕಟ್ಟಡ. ನಿಧಾನವಾಗಿ ನೋಡಲು ಅತ್ಯಂತ ಯೋಗ್ಯವಾದದ್ದೂ ಅದೇ. ಅದರ ಆರಂಭ ಒಂಬತ್ತನೇ ಶತಮಾನದ ಮೊದಲ ದಶಕದ್ದು. ರಾಷ್ಟ್ರಕೂಟ ಮೂರನೇ ಗೋವಿಂದನ ಆಳ್ವಿಕೆಯ ಕಾಲಕ್ಕೆ, ಅಂದರೆ ಕ್ರಿ.ಶ. 806ರ ವೇಳೆಗೆ, ಇಲ್ಲಿಗೆ ದತ್ತಿ ಬಿಟ್ಟ ದಾಖಲೆಯಿದೆ. ಬಾಣ ಅರಸನ ರಾಣಿ ರತ್ನಾವಳಿ ಗುಡಿಯನ್ನು ಕಟ್ಟಿಸಿದಳು ಎಂಬುದು ಸಾಮಾನ್ಯವಾಗಿ ಒಪ್ಪಿರುವ ಮಾತು. ಬಾಣರು, ನೊಳಂಬರು, ಗಂಗರು, ಆಮೇಲೆ ಚೋಳರು, ಹೊಯ್ಸಳರು, ವಿಜಯನಗರದವರು ಹೀಗೆ ಒಬ್ಬರ ಹಿಂದೊಬ್ಬರು ಈ ನೆಲವನ್ನು ಆಳಿದರು. ಹೊಸಬರು ಹಳಬರ ಗುಡಿಯನ್ನು ಕೆಡವದೆ ಅದಕ್ಕೇ ಒಂದಿಷ್ಟು ಸೇರಿಸುತ್ತ ಹೋದದ್ದರಿಂದ, ದಕ್ಷಿಣ ಕರ್ನಾಟಕದ ಏಳೆಂಟು ನೂರು ವರ್ಷಗಳ ವಾಸ್ತುವನ್ನು ಒಂದೇ ಪ್ರಾಕಾರದೊಳಗೆ ಕಾಣಬಹುದು.

ಅಕ್ಕಪಕ್ಕದಲ್ಲಿ ಎರಡು ದೊಡ್ಡ ಗುಡಿಗಳಿವೆ: ದಕ್ಷಿಣಕ್ಕೆ ಅರುಣಾಚಲೇಶ್ವರ, ಉತ್ತರಕ್ಕೆ ಭೋಗನಂದೀಶ್ವರ. ಎರಡಕ್ಕೂ ಪ್ರತ್ಯೇಕ ನಂದಿಮಂಟಪ, ದ್ರಾವಿಡ ಶೈಲಿಯ ವಿಮಾನ. ಹೊರಗೋಡೆಯ ಜಾಲಂಧ್ರಗಳನ್ನು ಇಲ್ಲಿ ಬೆಳಕಿಗೆ ಬಿಟ್ಟ ಬರಿಯ ತೂತುಗಳೆಂದು ದಾಟಿ ಹೋಗುವಂತಿಲ್ಲ. ಕಲ್ಲನ್ನು ಕೊರೆದ ಆ ಕಿಂಡಿಗಳಲ್ಲಿ ಕುಣಿಯುವ ಶಿವನಿದ್ದಾನೆ, ಕೋಣನ ತಲೆಯ ಮೇಲೆ ನಿಂತ ದುರ್ಗೆಯಿದ್ದಾಳೆ. ನೊಳಂಬರ ಸೀಮೆಯ ಶಿಲ್ಪಿಗಳ ಕೈಚಳಕಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ಬೆಂಗಳೂರಿನ ಸುತ್ತಮುತ್ತ ಸಿಗುವುದು ಕಷ್ಟ. ಎರಡು ಗುಡಿಗಳ ನಡುವೆ ಆಮೇಲೆ ಸೇರಿದ ಚಿಕ್ಕ ಉಮಾಮಹೇಶ್ವರ ಗುಡಿ, ಅದರ ಮುಂದೆ ನುಣುಪಾದ ಕಪ್ಪುಕಲ್ಲಿನ ಕಂಬಗಳ ಕಲ್ಯಾಣಮಂಟಪ. ಕಂಬಗಳ ತುಂಬ ಬಳ್ಳಿ, ಗಿಳಿ, ಸಣ್ಣ ಸಣ್ಣ ಮೂರ್ತಿಗಳ ಒತ್ತಾದ ಕೆತ್ತನೆ. ಅದನ್ನು ನೋಡಿ ಪಕ್ಕದ ಹಳೆಯ ಗೋಡೆಗಳ ಸಾದಾತನಕ್ಕೆ ತಿರುಗಿದರೆ ಕಾಲ ಬದಲಾದದ್ದು ಕಣ್ಣಿಗೇ ತಿಳಿಯುತ್ತದೆ. ಹೊರಗಿನ ಪ್ರಾಕಾರ, ಮಂಟಪಗಳ ಸಾಲು, ಮೆಟ್ಟಿಲುಗಳ ಶೃಂಗಿತೀರ್ಥ ಕಲ್ಯಾಣಿ ವಿಜಯನಗರ ಕಾಲದ ವಿಸ್ತರಣೆಯ ಹಂತಕ್ಕೆ ಸೇರುತ್ತವೆ. ಈಗ ಈ ಗುಡಿ ಭಾರತೀಯ ಪುರಾತತ್ತ್ವ ಸರ್ವೇಕ್ಷಣ ಇಲಾಖೆಯ ರಕ್ಷಣೆಯಲ್ಲಿದೆ, ಪೂಜೆಯೂ ನಡೆಯುತ್ತದೆ.

ಕೆಳಗೆ ಭೋಗನಂದೀಶ್ವರನಾದರೆ ಬೆಟ್ಟದ ತುದಿಯಲ್ಲಿ ಯೋಗನಂದೀಶ್ವರ. ಅರುಣಾಚಲೇಶ್ವರ ಶಿವನ ಬಾಲ್ಯ, ಭೋಗನಂದೀಶ್ವರ ಯೌವನ, ಮೇಲಿನವನು ವೈರಾಗ್ಯ ಎಂದು ಊರವರು ವಿವರಿಸುತ್ತಾರೆ. ಅದಕ್ಕೇ ಸಂಭ್ರಮವೆಲ್ಲ ಕೆಳಗೆ. ಶಿವರಾತ್ರಿಯ ಹೊತ್ತಿಗೆ ನಂದಿಯಲ್ಲಿ ತೇರು ಎಳೆಯುತ್ತಾರೆ, ದನಗಳ ಜಾತ್ರೆಯೂ ಕೂಡುತ್ತದೆ. ಸುತ್ತಲಿನ ರೈತರು ಹಳ್ಳಿಕಾರ್ ಜೋಡೆತ್ತುಗಳಿಗೆ ವ್ಯಾಪಾರ ಕುದುರಿಸುವ ಜಾಗ ಅದು. ಬೆಂಗಳೂರಿನ ಪ್ರವಾಸಿ ಗುಡಿಯನ್ನು ಸ್ಮಾರಕವೆಂದು ನೋಡಲು ಬರುತ್ತಾನೆ. ಸುತ್ತಲಿನ ಹಳ್ಳಿಗಳಿಗೆ ಅದು ಮದುವೆ, ಹರಕೆ, ಎತ್ತಿನ ಬೆಲೆಗಳ ಜಾಗ.

ದೇಗುಲದ ಕಾಲದಿಂದ ಕೋಟೆಯ ಕಾಲಕ್ಕೆ ಬರುವ ಕೊಂಡಿ ಆವತಿಯ ನಾಡಪ್ರಭುಗಳು. ಹದಿನೈದನೇ ಶತಮಾನದಲ್ಲಿ ದೇವನಹಳ್ಳಿಗೂ ನಂದಿಗೂ ನಡುವಿನ ಆವತಿಯಲ್ಲಿ ಬಂದು ನೆಲೆಸಿದ ರಣಭೈರೇಗೌಡನ ವಂಶದವರು ವಿಜಯನಗರದ ಅಧೀನದಲ್ಲಿ ಇಲ್ಲಿಯ ಪೇಟೆ, ಕೋಟೆಗಳನ್ನು ಕಟ್ಟಿದರು. ಚಿಕ್ಕಬಳ್ಳಾಪುರ, ದೇವನಹಳ್ಳಿಗಳ ಹುಟ್ಟಿಗೆ ಈ ಮನೆತನವೇ ಮೂಲ. ದೇವನಹಳ್ಳಿಯ ಮೊದಲ ಮಣ್ಣಿನ ಕೋಟೆಯನ್ನು 1501ರಲ್ಲಿ ಮಲ್ಲಭೈರೇಗೌಡ ಕಟ್ಟಿಸಿದ. ಸುಮಾರು ಎರಡೂವರೆ ಶತಮಾನ ಅದು ಪಾಳೆಯಗಾರರ ಕೈಯಲ್ಲೇ ಉಳಿದು, 1749ರಲ್ಲಿ ಮೈಸೂರಿನ ದಳವಾಯಿ ನಂಜರಾಜಯ್ಯನ ಮುತ್ತಿಗೆಗೆ ಮಣಿಯಿತು. ಆ ದಂಡಿನಲ್ಲಿ ಹೈದರಾಲಿ ಎಂಬ ಸಿಪಾಯಿಯೊಬ್ಬ ಇದ್ದ. ಅವನ ಸಾಹಸ ದಳವಾಯಿಯ ಕಣ್ಣಿಗೆ ಬಿದ್ದದ್ದು ಇಲ್ಲಿಯೇ, ಅಲ್ಲಿಂದಾಚೆಗೆ ಅವನ ಏಳಿಗೆ ನಿಲ್ಲಲಿಲ್ಲ. ಅವನ ಮಗ ಟಿಪ್ಪು ಹುಟ್ಟಿದ್ದೂ ದೇವನಹಳ್ಳಿಯಲ್ಲೇ. ಕೋಟೆಯ ಹೊರಗೆ ಆ ಜಾಗವನ್ನು ಚಿಕ್ಕದೊಂದು ಕಲ್ಲಿನ ಆವರಣ ಗುರುತಿಸುತ್ತದೆ.

ಮಣ್ಣಿನ ಕೋಟೆ ಕಲ್ಲಿನದಾದದ್ದು ಹೈದರ್, ಟಿಪ್ಪು ಇವರ ಕಾಲದಲ್ಲಿ. ಕೋಟೆ ಉದ್ದುರುಟಾಗಿದ್ದು, ಸುತ್ತಲೂ ಅರೆವೃತ್ತದ ಕೊತ್ತಲಗಳಿವೆ. ಒಳಗೆ ವೇಣುಗೋಪಾಲಸ್ವಾಮಿಯ ಗುಡಿಯಿದೆ, ಮನೆಗಳಿವೆ, ಬೀದಿಗಳಿವೆ. ಜನ ಇವತ್ತಿಗೂ ಅಲ್ಲಿ ವಾಸವಾಗಿದ್ದಾರೆ. ಹೀಗಾಗಿ ಸ್ಮಾರಕವೆಂದು ಅದಕ್ಕೆ ಸಿಗುವ ಗಮನ ಕಡಿಮೆ, ಪ್ರವಾಸದ ಬಸ್ಸು ನಿಲ್ಲುವುದೂ ಸ್ವಲ್ಪ ಹೊತ್ತು ಮಾತ್ರ.

ಯುದ್ಧದ ಲೆಕ್ಕದಲ್ಲಿ ದೇವನಹಳ್ಳಿಗಿಂತ ನಂದಿದುರ್ಗದ ತೂಕ ಹೆಚ್ಚು. ಬೆಟ್ಟದ ತಲೆಯನ್ನು ಬಳಸಿ ಚಿಕ್ಕಬಳ್ಳಾಪುರದ ಪಾಳೆಯಗಾರರು ಹಾಕಿದ್ದ ಕೋಟೆಯನ್ನು ಹೈದರ್, ಟಿಪ್ಪು ಇಬ್ಬರೂ ಬಲಪಡಿಸಿದರು. ಉಳಿದ ದಿಕ್ಕುಗಳಲ್ಲಿ ಬಂಡೆಯೇ ಗೋಡೆ. ಏರಿ ಬರಲು ಸಾಧ್ಯವಿದ್ದ ಪಶ್ಚಿಮದಲ್ಲಿ ಮಾತ್ರ ಎರಡು ಸುತ್ತಿನ ಭದ್ರ ಗೋಡೆ. ಮೂರನೇ ಮೈಸೂರು ಯುದ್ಧದಲ್ಲಿ ಬ್ರಿಟಿಷ್ ಸೇನಾಪತಿ ಕಾರ್ನ್‌ವಾಲಿಸ್ 1791ರ ಮಾರ್ಚ್‌ನಲ್ಲಿ ಬೆಂಗಳೂರನ್ನು ಹಿಡಿದ. ಶ್ರೀರಂಗಪಟ್ಟಣದ ಕಡೆಗೆ ಮತ್ತೆ ಹೊರಡುವ ಮುಂಚೆ ತನ್ನ ಬೆನ್ನ ಹಿಂದೆ ಇಂಥ ದುರ್ಗವನ್ನು ಟಿಪ್ಪುವಿನ ಕೈಯಲ್ಲಿ ಬಿಡುವುದು ಅವನಿಗೆ ಸರಿಕಾಣಲಿಲ್ಲ. ಹೈದರಾಬಾದಿನಿಂದ ಬರುವ ದಂಡು, ದವಸಗಳ ದಾರಿ ಇದರ ಕಣ್ಗಾವಲಿನಲ್ಲೇ ಇತ್ತು. ಮೇಜರ್ ಗೌಡಿ ಎಂಬಾತನ ತುಕಡಿ ಸೆಪ್ಟೆಂಬರಿನಲ್ಲಿ ಮುತ್ತಿಗೆಗೆ ಕೂತಿತು. ಕಡಿದಾದ ಇಳಿಜಾರಿನಲ್ಲಿ ದಾರಿ ಕಡಿದು ಫಿರಂಗಿಗಳನ್ನು ಮೇಲಕ್ಕೆಳೆಯುವುದಕ್ಕೇ ದಿನಗಟ್ಟಲೆ ಹಿಡಿಯಿತು. ಮೂರು ವಾರ ಕಳೆದ ಮೇಲೆ, ಅಕ್ಟೋಬರ್ 19ರ ಬೆಳಗಿನ ಜಾವಕ್ಕೆ ಮುನ್ನ, ಬೆಳದಿಂಗಳಲ್ಲಿ ಜನರಲ್ ಮೆಡೋಸ್ ಲಗ್ಗೆ ನಡೆಸಿದ. ಮೇಲಿನವರ ದೊಡ್ಡ ಅಸ್ತ್ರ ಕಲ್ಲುಗುಂಡುಗಳೇ ಆಗಿದ್ದವು. ಅವರು ಉರುಳಿಸಿದ ಬಂಡೆಗಳಿಂದ ಕೆಳಗಿನವರಿಗೆ ಬಹಳ ಪೆಟ್ಟಾಯಿತು, ಆದರೆ ಕೋಟೆ ಉಳಿಯಲಿಲ್ಲ.

ಪ್ರವಾಸಿಗರೆಲ್ಲ ಇಣುಕಿ ನೋಡುವ ‘ಟಿಪ್ಪು ಡ್ರಾಪ್’ ಪ್ರಪಾತದ ಕಥೆ ಮಾತ್ರ ಬೇರೆ ಬಗೆಯದು. ಕೈದಿಗಳನ್ನು ಅಲ್ಲಿಂದ ತಳ್ಳುತ್ತಿದ್ದರೆಂದು ಎಲ್ಲ ಮಾರ್ಗದರ್ಶಿಗಳೂ ಹೇಳುತ್ತಾರೆ. ಅದನ್ನು ಕೇಳುವ ಬಹುಪಾಲು ಜನ, ನಿಜವಾದ ಕಾಳಗ ನಡೆದ ಪಶ್ಚಿಮದ ಗೋಡೆಯ ಕಡೆಗೆ ಹೋಗುವುದೇ ಇಲ್ಲ. ಟಿಪ್ಪುವಿನ ಬೇಸಿಗೆಯ ಅರಮನೆಯೆಂದು ತೋರಿಸುವ ಸಣ್ಣ ಎರಡಂತಸ್ತಿನ ಕಟ್ಟಡವೂ ಬೆಟ್ಟದ ಮೇಲಿದೆ.

ಯುದ್ಧ ಮುಗಿದ ಮೇಲೆ ದುರ್ಗಕ್ಕೆ ಕೆಲಸವಿಲ್ಲದಾಯಿತು, ಆದರೆ ಅದರ ತಂಪು ಹಾಗೇ ಇತ್ತು. ಬೆಂಗಳೂರಿನ ದಂಡಿನ ಪ್ರದೇಶದ ಇಂಗ್ಲಿಷ್ ಅಧಿಕಾರಿಗಳು ಬೇಸಿಗೆ ಕಳೆಯಲು ಇಲ್ಲಿಗೆ ಬರತೊಡಗಿದರು. 1834ರಿಂದ 1861ರವರೆಗೆ ಮೈಸೂರಿನ ಕಮಿಷನರ್ ಆಗಿದ್ದ ಮಾರ್ಕ್ ಕಬ್ಬನ್‌ಗೆ ಈ ಬೆಟ್ಟ ಬಲು ಮೆಚ್ಚು. ಅಧಿಕಾರಿ ಕನ್ನಿಂಗ್‌ಹ್ಯಾಮ್ ಇಲ್ಲಿ ಕಟ್ಟಿಸಿದ ಬಂಗಲೆ ಆಮೇಲೆ ಕಬ್ಬನ್ ಹೌಸ್ ಎಂದೇ ಹೆಸರಾಯಿತು. ಮುಂದೆ ಅದೇ ಬಂಗಲೆಗೆ ಇನ್ನೊಬ್ಬ ಅತಿಥಿ ಬಂದರು. 1927ರ ಪ್ರವಾಸದ ನಡುವೆ ರಕ್ತದೊತ್ತಡ ಹೆಚ್ಚಿ ಕುಸಿದ ಗಾಂಧೀಜಿಯನ್ನು ವೈದ್ಯರು ವಿಶ್ರಾಂತಿಗೆಂದು ನಂದಿಗೆ ಕಳಿಸಿದರು. ಏಪ್ರಿಲ್‌ನಿಂದ ಜೂನ್ ಮೊದಲ ವಾರದವರೆಗೆ ಅವರು ಇಲ್ಲಿದ್ದರು. 1936ರ ಮೇ ತಿಂಗಳಲ್ಲಿ ಮತ್ತೊಮ್ಮೆ ಬಂದರು. ಪಾನನಿಷೇಧಕ್ಕಾಗಿ ಜೀವನವಿಡೀ ದುಡಿದವರು ಆರೋಗ್ಯ ಸುಧಾರಿಸಿಕೊಂಡ ಬೆಟ್ಟದ ತಪ್ಪಲಿನಲ್ಲೇ ದೇಶದ ಹೆಸರಾಂತ ವೈನ್ ತೋಟವೊಂದು ಎದ್ದಿತು ಎಂಬುದನ್ನು ಯಾವ ಪ್ರವಾಸಿ ಕೈಪಿಡಿಯೂ ಎತ್ತಿ ಹೇಳುವುದಿಲ್ಲ. 1986ರ ನವೆಂಬರಿನಲ್ಲಿ ಬೆಂಗಳೂರಿನಲ್ಲಿ ಸಾರ್ಕ್ ಶೃಂಗಸಭೆ ಸೇರಿದಾಗ ನಾಯಕರ ಬಿಡುವಿನ ಮಾತುಕತೆಗೂ ಈ ಬೆಟ್ಟವನ್ನೇ ಆರಿಸಿಕೊಂಡಿದ್ದರು.

ಬೆಟ್ಟದ ತಲೆಯ ಮೇಲಿನ ಕಾಡು ಬಯಲಿನ ಕುರುಚಲಿನಂತಲ್ಲ. ಮಂಜು ತಂಗುವುದರಿಂದ ಮರಗಳ ಮೈತುಂಬ ಪಾಚಿ, ಜರಿಗಿಡ. ಪಶ್ಚಿಮ ಘಟ್ಟದ ಹಕ್ಕಿಯೆಂದೇ ಹೆಸರಾದ ನೀಲಗಿರಿ ಕಾಡುಪಾರಿವಾಳ ಘಟ್ಟದಿಂದ ಇಷ್ಟು ದೂರದಲ್ಲಿ ಕಾಣಿಸುವುದು ಈ ತಂಪಿನ ತುಣುಕಿನಿಂದಾಗಿ. ಕೆಳಗಿನ ಬಂಡೆಗಳ ಇಳಿಜಾರಿನಲ್ಲಿ ಹಳದಿಗೊರಳಿನ ಪಿಕಳಾರವಿದೆ. ದಖ್ಖನಿನ ಕಲ್ಲುಗುಡ್ಡಗಳಲ್ಲಷ್ಟೇ ಬದುಕುವ ಆ ಹಕ್ಕಿಯನ್ನು ಹುಡುಕಿಕೊಂಡು ಬೇರೆ ಬೇರೆ ದೇಶಗಳ ಪಕ್ಷಿವೀಕ್ಷಕರು ಇಲ್ಲಿಗೆ ಬರುತ್ತಾರೆ. ಸೂರ್ಯೋದಯಕ್ಕೆಂದು ವಾರಾಂತ್ಯದ ನಸುಕಿನಲ್ಲಿ ಏರುವ ವಾಹನಗಳ ಸಾಲು ಇವುಗಳ ನೆಮ್ಮದಿಗೆ ಒಳ್ಳೆಯದಲ್ಲ. 2021ರ ಆಗಸ್ಟ್‌ನಲ್ಲಿ ಭಾರಿ ಮಳೆಗೆ ಗುಡ್ಡ ಕುಸಿದು ರಸ್ತೆಯೇ ಕೊಚ್ಚಿಹೋಗಿ, ಕೆಲಕಾಲ ಬೆಟ್ಟ ತಾನಾಗಿಯೇ ಖಾಲಿಯಾಗಿತ್ತು.

ಇನ್ನು ದ್ರಾಕ್ಷಿ. ವೈನ್ ಬರುವುದಕ್ಕೆ ಬಹಳ ಮುಂಚೆಯೇ ಈ ಸೀಮೆಯಲ್ಲಿ ದ್ರಾಕ್ಷಿಯಿತ್ತು. ‘ಬೆಂಗಳೂರು ನೀಲಿ’ ಎಂದು ಹೆಸರಾದ ತಳಿ ಇಲ್ಲಿ ಸುಮಾರು ಒಂದೂವರೆ ಶತಮಾನದಿಂದ ಬೆಳೆಯುತ್ತಿದೆ. ಅದರಲ್ಲಿ ಅಮೆರಿಕದ ಲಬ್ರುಸ್ಕಾ ಜಾತಿಯ ರಕ್ತವಿದೆ, ಹೊರದೇಶಗಳಲ್ಲಿ ಇಸಾಬೆಲ್ಲಾ ಎನ್ನುವುದೂ ಇದನ್ನೇ. ದಪ್ಪ ಸಿಪ್ಪೆ, ಒಳಗೆ ಜಾರುವ ತಿರುಳು, ಬೀಜ, ಹುಳಿ ಬೆರೆತ ಸಿಹಿ, ಮೂಗಿಗೆ ಥಟ್ಟನೆ ಹೊಡೆಯುವ ಕಂಪು. ರೋಗ ತಡೆದುಕೊಳ್ಳುವ ಗಟ್ಟಿ ಜೀವ. ಬೀಜವಿಲ್ಲದ ದ್ರಾಕ್ಷಿಗೆ ಒಗ್ಗಿದ ಪೇಟೆಯವರು ಇದನ್ನು ಕಡೆಗಣಿಸಿದರೂ, ಜ್ಯೂಸ್ ತೆಗೆಯುವವರಿಗೂ ಸಿಹಿ ಪೋರ್ಟ್ ಬಗೆಯ ವೈನ್ ಮಾಡುವವರಿಗೂ ಇದು ಬೇಕು. ಬೆಂಗಳೂರಿನ ಕ್ರೈಸ್ತರ ಮನೆಗಳಲ್ಲಿ ಕ್ರಿಸ್‌ಮಸ್ಸಿಗೆಂದು ಭರಣಿಯಲ್ಲಿ ಸಕ್ಕರೆ ಹಾಕಿ ಹುದುಗಿಸುತ್ತ ಬಂದದ್ದು ಹೆಚ್ಚಾಗಿ ಇದೇ ದ್ರಾಕ್ಷಿಯನ್ನು. ಇದಕ್ಕೆ ಭೌಗೋಳಿಕ ಸೂಚಕದ ಮಾನ್ಯತೆಯಿದೆ.

ಚಿಕ್ಕಬಳ್ಳಾಪುರದ ರೈತರು ಇದನ್ನು ಚಪ್ಪರಕ್ಕೆ ಹಬ್ಬಿಸುತ್ತಾರೆ. ಚಪ್ಪರದ ಕಂಬಗಳು ಇಲ್ಲಿಯ ಬಂಡೆಯನ್ನೇ ಸೀಳಿ ತೆಗೆದ ಕಲ್ಲಿನವು, ಮೇಲೆ ತಂತಿಯ ಬಲೆ. ಚಳಿದೇಶಗಳಲ್ಲಿ ದ್ರಾಕ್ಷಿಬಳ್ಳಿ ಚಳಿಗಾಲದಲ್ಲಿ ಎಲೆ ಉದುರಿಸಿ ನಿದ್ದೆಹೋಗುತ್ತದೆ. ಇಲ್ಲಿ ಅಂಥ ಚಳಿಯಿಲ್ಲ. ಬಳ್ಳಿ ಯಾವಾಗ ಚಿಗುರಬೇಕು, ಯಾವಾಗ ಹೂ ಬಿಡಬೇಕು ಎಂಬುದನ್ನು ರೈತ ತನ್ನ ಕತ್ತರಿಯಿಂದಲೇ ಗೊತ್ತುಮಾಡುತ್ತಾನೆ. ಬೆಂಗಳೂರು ನೀಲಿ ಈ ಹವೆಯಲ್ಲಿ ವರ್ಷಕ್ಕೆ ಎರಡು ಫಸಲು ಕೊಡುವಷ್ಟು ಹುಲುಸು. ವೈನ್‌ಗೆ ಬೇಕಾದದ್ದು ಇದರ ತದ್ವಿರುದ್ಧ: ಕಡಿಮೆ ಗೊನೆ, ಸಣ್ಣ ಹಣ್ಣು, ಸಾಂದ್ರವಾದ ರಸ.

ವೈನ್ ದ್ರಾಕ್ಷಿ ಇಲ್ಲಿಗೆ ಬಂದದ್ದು ಕನ್ವಲ್ ಗ್ರೋವರ್ ಎಂಬ ಉದ್ಯಮಿಯ ಹಟದಿಂದ. ವ್ಯಾಪಾರಕ್ಕಾಗಿ ಫ್ರಾನ್ಸಿಗೆ ಹೋಗಿಬರುತ್ತಿದ್ದ ಅವರು ಅಲ್ಲಿಯ ವೈನಿನ ರುಚಿ ಹತ್ತಿಸಿಕೊಂಡು, ಶಾಂಪೇನ್ ಸೀಮೆಯ ದ್ರಾಕ್ಷಿತಜ್ಞ ಜಾರ್ಜ್ ವೆಸ್ಸೆಲ್ ಅವರ ನೆರವಿನಿಂದ ಭಾರತದಲ್ಲಿ ತಕ್ಕ ನೆಲ ಹುಡುಕಿದರು. ಜಗತ್ತಿನ ಹೆಸರಾಂತ ವೈನ್ ಸೀಮೆಗಳು ಹೆಚ್ಚಾಗಿ 30ರಿಂದ 50 ಡಿಗ್ರಿ ಅಕ್ಷಾಂಶಗಳ ನಡುವೆ ಇವೆ. ನಂದಿ ಇರುವುದು 13 ಡಿಗ್ರಿಯಲ್ಲಿ. ಆ ಕೊರತೆಯನ್ನು ತುಂಬಿದ್ದು ಎತ್ತರ. ಸುಮಾರು 900 ಮೀಟರ್ ಎತ್ತರದ ತಪ್ಪಲಿನಲ್ಲಿ ಹಗಲು ಬಿಸಿಲಿದ್ದರೂ ಹಣ್ಣಾಗುವ ತಿಂಗಳುಗಳ ರಾತ್ರಿ ತಂಪು. ಹಗಲಿನ ಬಿಸಿಲು ಹಣ್ಣಿಗೆ ಸಕ್ಕರೆ ತುಂಬಿದರೆ ಇರುಳಿನ ತಂಪು ಹುಳಿಯನ್ನು ಕಾಯುತ್ತದೆ. ನೀರು ಬಸಿದುಹೋಗುವ ಕೆಂಪುಮಣ್ಣೂ ಅನುಕೂಲಕ್ಕೆ ಬಂತು. 1988ರಲ್ಲಿ ದೊಡ್ಡಬಳ್ಳಾಪುರ ತಾಲ್ಲೂಕಿನ ರಘುನಾಥಪುರದ ಬಳಿ ಸುಮಾರು 40 ಎಕರೆಯಲ್ಲಿ ಫ್ರೆಂಚ್ ತಳಿಗಳ ತೋಟ ಎದ್ದಿತು, 1992ರಲ್ಲಿ ಮೊದಲ ವೈನ್ ಮಾರುಕಟ್ಟೆಗೆ ಬಂತು. ಮಹಾರಾಷ್ಟ್ರದ ನಾರಾಯಣಗಾಂವ್‌ನಲ್ಲಿ 1980ರ ದಶಕದಲ್ಲೇ ಶಾಂಪೇನ್ ಇಂಡೇಜ್ ಕೆಲಸ ಆರಂಭಿಸಿದ್ದರೂ, ಕರ್ನಾಟಕದ ಮಟ್ಟಿಗೆ ಇದೇ ಮೊದಲ ಗಂಭೀರ ಪ್ರಯತ್ನ. 1990ರ ದಶಕದಲ್ಲೇ ಬೋರ್ಡೋದ ಹೆಸರಾಂತ ಸಲಹೆಗಾರ ಮಿಶೆಲ್ ರೋಲಾನ್ ಇವರ ಜೊತೆಗೂಡಿದರು. ಕ್ಯಾಬರ್ನೆ ಸೋವಿನ್ಯಾನ್ ಮತ್ತು ಶಿರಾಜ್ ಬೆರೆಸಿದ ‘ಲಾ ರಿಸರ್ವ್’ ಈ ತೋಟದ ಹೆಸರನ್ನು ಹೊರದೇಶಗಳಿಗೆ ಒಯ್ದಿತು. 2012ರಲ್ಲಿ ನಾಸಿಕ್ ಕಡೆಯ ಕಂಪನಿಯೊಂದಿಗೆ ಸೇರಿ ಸಂಸ್ಥೆ ಗ್ರೋವರ್ ಜಂಪಾ ಆಯಿತು.

ಸರಕಾರದ ನಿಲುವು ಇದಕ್ಕಿಂತ ನಿಧಾನವಾಗಿ ಬದಲಾಯಿತು. 2007ರ ಜುಲೈ 1ರಿಂದ ಕರ್ನಾಟಕದಲ್ಲಿ ಸಾರಾಯಿ ನಿಷೇಧವಾಯಿತು. ದ್ರಾಕ್ಷಿ ಸಂಸ್ಕರಣೆ ಮತ್ತು ವೈನ್ ನೀತಿ ಬಂದದ್ದೂ 2007ರದೇ ಹೆಸರಿನಲ್ಲಿ. ಬಡವರ ಕುಡಿತ ಪಿಡುಗಾಗಿಯೂ ವೈನ್ ಕೃಷಿ ಆಧಾರಿತ ಉದ್ಯಮವಾಗಿಯೂ ಒಂದೇ ಸರಕಾರಿ ಭಾಷೆಯಲ್ಲಿ ಕಾಣಿಸಿಕೊಂಡದ್ದು ಹೀಗೆ. ವೈನ್ ಪರವಾದ ವಾದಕ್ಕೆ ಆಧಾರವಿರಲಿಲ್ಲವೆಂದಲ್ಲ. ದ್ರಾಕ್ಷಿ ಬೇಗ ಕೆಡುವ ಹಣ್ಣು, ಒಂದೇ ಸಲ ಎಲ್ಲರ ತೋಟವೂ ಹಣ್ಣಾದರೆ ಬೆಲೆ ಕುಸಿಯುತ್ತದೆ, ಸಂಸ್ಕರಣೆ ರೈತನಿಗೆ ಆಸರೆ ಎಂಬ ಮಾತಿನಲ್ಲಿ ಹುರುಳಿದೆ. ನೀತಿ ರಾಜ್ಯದ ದ್ರಾಕ್ಷಿಯಿಂದ ತಯಾರಾದ ವೈನ್‌ಗೆ ಸುಂಕದಲ್ಲಿ ರಿಯಾಯಿತಿ ಕೊಟ್ಟಿತು. ನಂದಿ ಕಣಿವೆ, ಕೃಷ್ಣಾ ಕಣಿವೆ ಎಂಬ ವಲಯಗಳು ಕಾಗದದ ಮೇಲೆ ಮೂಡಿದವು, ದ್ರಾಕ್ಷಾರಸ ಮಂಡಳಿ ಬಂತು, ವೈನ್ ಮೇಳಗಳು ನಡೆದವು. ತೋಟಕ್ಕೆ ಜನರನ್ನು ಕರೆತಂದು ರುಚಿ ತೋರಿಸುವ ಪದ್ಧತಿ ಬೆಳೆದು, ಬೆಟ್ಟ ನೋಡಲು ಬಂದವರ ಮಧ್ಯಾಹ್ನಕ್ಕೆ ಹೊಸದೊಂದು ನಿಲ್ದಾಣ ಸಿಕ್ಕಿತು.

ವೈನ್ ತೋಟದ ಭೇಟಿಗೆ ಒಂದು ಕ್ರಮವಿದೆ. ಮೊದಲು ಸಾಲುಬಳ್ಳಿಗಳ ನಡುವೆ ನಡಿಗೆ. ಇಲ್ಲಿ ಬೆಂಗಳೂರು ನೀಲಿಯಂತೆ ತಲೆಯ ಮೇಲಿನ ಚಪ್ಪರವಲ್ಲ, ಬೇಲಿಯಂತೆ ನೇರ ನಿಂತ ತಂತಿಸಾಲು. ಆಮೇಲೆ ಹಣ್ಣು ಅರೆಯುವ ಯಂತ್ರ, ಸ್ಟೀಲಿನ ದೊಡ್ಡ ತೊಟ್ಟಿಗಳು. ಬಿಳಿ ವೈನ್‌ಗೆ ರಸವನ್ನು ಹಿಂಡಿ ಸಿಪ್ಪೆ ಬೇರ್ಪಡಿಸಿ ತಂಪಿನಲ್ಲಿ ಹುದುಗಿಸುತ್ತಾರೆ. ಕೆಂಪಿಗೆ ಸಿಪ್ಪೆಯ ಸಮೇತ ಹುದುಗಿಸುತ್ತಾರೆ, ಬಣ್ಣವೂ ಒಗರೂ ಬರುವುದು ಸಿಪ್ಪೆಯಿಂದಲೇ. ನೆಲಮಾಳಿಗೆಯಲ್ಲಿ ಓಕ್ ಮರದ ಪೀಪಾಯಿಗಳ ಸಾಲು. ಕೊನೆಗೆ ಮೇಜಿನ ಮೇಲೆ ಹಗುರದಿಂದ ಗಾಢಕ್ಕೆ, ಬಿಳಿಯಿಂದ ಕೆಂಪಿಗೆ ಒಂದೊಂದೇ ಗುಟುಕು, ಜೊತೆಗೆ ಚೀಸ್. ಹಣ್ಣಿನ ಕೊಯ್ಲು ನಡೆಯುವುದು ಬೇಸಿಗೆ ಬಲಿಯುವ ಮುಂಚೆ, ಸುಮಾರಾಗಿ ಜನವರಿಯಿಂದ ಮಾರ್ಚ್‌ವರೆಗೆ. ಬಳ್ಳಿಯ ಮೇಲೆ ಗೊನೆಗಳನ್ನು ಕಾಣಬೇಕಾದರೆ ಆ ತಿಂಗಳುಗಳಲ್ಲೇ ಹೋಗಬೇಕು. ಮಳೆಗಾಲದಲ್ಲಿ ಕಾಣುವುದು ಎಲೆ ಮಾತ್ರ.

2008ರ ಮೇ ತಿಂಗಳಲ್ಲಿ ದೇವನಹಳ್ಳಿಯ ಅಂತರರಾಷ್ಟ್ರೀಯ ವಿಮಾನ ನಿಲ್ದಾಣ ತೆರೆದ ಮೇಲೆ ಈ ಸುತ್ತಿನ ಸ್ವರೂಪವೇ ಬದಲಾಯಿತು. ರಸ್ತೆ ಅಗಲವಾಯಿತು, ನಗರದಿಂದ ಬರುವವರ ಸಂಖ್ಯೆ ಏರಿತು. ಅದರ ಜೊತೆಗೇ ನೆಲದ ಬೆಲೆಯೂ ಏರಿ, ದ್ರಾಕ್ಷಿಚಪ್ಪರವಿದ್ದ ಎಷ್ಟೋ ಜಮೀನುಗಳು ಬಡಾವಣೆಯ ನಿವೇಶನಗಳಾದವು. ನೀರಿನ ಪ್ರಶ್ನೆ ಇನ್ನೂ ಕಠಿಣ. ಕೊಳವೆಬಾವಿಗಳು ಸಾವಿರ ಅಡಿ ದಾಟಿ ಇಳಿದ ಚಿಕ್ಕಬಳ್ಳಾಪುರ ಜಿಲ್ಲೆಯ ಕೆರೆಗಳಿಗೆ ಈಗ ಬೆಂಗಳೂರಿನ ಹೆಬ್ಬಾಳ–ನಾಗವಾರ ಕಣಿವೆಯ ಕೊಳಚೆನೀರನ್ನು ಸಂಸ್ಕರಿಸಿ ಕೊಳವೆಗಳಲ್ಲಿ ತಂದು ತುಂಬಿಸುತ್ತಿದ್ದಾರೆ. ನೇರವಾಗಿ ಬಳಸದೆ ಅಂತರ್ಜಲಕ್ಕೆ ಇಂಗಿಸುವುದು ಯೋಜನೆಯ ಉದ್ದೇಶ. ಕೆಲವು ಕಡೆ ಬತ್ತಿದ್ದ ಬಾವಿಗಳಲ್ಲಿ ನೀರು ಕಾಣಿಸಿಕೊಂಡಿದೆ, ಎರಡು ಹಂತಗಳಲ್ಲಷ್ಟೇ ಶುದ್ಧೀಕರಿಸಿದ ಆ ನೀರಿನ ಗುಣದ ಬಗ್ಗೆ ರೈತ ಸಂಘಟನೆಗಳ ತಕರಾರೂ ನಡೆದೇ ಇದೆ.